ಸಂಬಳವೋ ಕಮಿಷನ್ನೋ? ಒಂದು ಸಮೀಕರಣ ಬರೆದು ನೋಡಿ

ಕಳೆದ ವರ್ಷ ಗೆಳತಿಯೊಬ್ಬಳು ಮೂರು ಆಫರ್ ಲೆಟರ್ ಹಿಡಿದುಕೊಂಡು ಬಂದಳು. ಮೂರೂ ಮಾರಾಟದ ಕೆಲಸ. ಮೊದಲನೆಯದರಲ್ಲಿ ತಿಂಗಳಿಗೆ 24,000 ಫಿಕ್ಸೆಡ್ ಸಂಬಳ, ಎಷ್ಟು ಮಾರಿದರೂ ಅಷ್ಟೇ. ಎರಡನೆಯದರಲ್ಲಿ 12,000 ಸಂಬಳ, ಮೇಲೆ ಮಾರಿದ್ದಕ್ಕೆ ಶೇ. 5 ಕಮಿಷನ್. ಮೂರನೆಯದರಲ್ಲಿ ಸಂಬಳವೇ ಇಲ್ಲ, ಬರೀ ಶೇ. 8 ಕಮಿಷನ್.

"ಯಾವುದು ಒಳ್ಳೇದು ಹೇಳು" ಅಂದಳು.

"ತಿಂಗಳಿಗೆ ಎಷ್ಟು ಮಾರ್ತೀಯ?" ಅಂದೆ.

"ಅದು ಈಗಲೇ ಹೇಗೆ ಗೊತ್ತಾಗತ್ತೆ? ಕೆಲಸಕ್ಕೇ ಸೇರಿಲ್ಲ!"

ಸರಿಯಾದ ಮಾತು. ಗೊತ್ತಿಲ್ಲದ ಒಂದು ಸಂಖ್ಯೆ ಇದೆ, ಅದರ ಮೇಲೇ ಎಲ್ಲಾ ನಿಂತಿದೆ. ಶಾಲೆಯಲ್ಲಿ ಬೀಜಗಣಿತ ಕಲಿಯುವಾಗ "ಇದರಿಂದ ಏನು ಉಪಯೋಗ ಸಾರ್" ಅಂತ ಕೇಳಿದ್ದೆವಲ್ಲ, ಉಪಯೋಗ ಇಂಥ ಕಡೆಯೇ. ಗೊತ್ತಿಲ್ಲದ್ದಕ್ಕೆ ಒಂದು ಅಕ್ಷರ ಕೊಟ್ಟು, ಗೊತ್ತಿರುವಂತೆಯೇ ಲೆಕ್ಕ ಮುಂದುವರಿಸುವುದು. ಆ ದಿನ ನಾವು ಆಫರ್ ಲೆಟರಿನ ಹಿಂಬದಿಯಲ್ಲೇ ಪೆನ್ಸಿಲ್‌ನಿಂದ ಮಾಡಿದ ಲೆಕ್ಕವನ್ನು ಇಲ್ಲಿ ಬಿಡಿಸಿ ಬರೆಯುತ್ತಿದ್ದೇನೆ. ಕೂಡುವುದು, ಕಳೆಯುವುದು, ಭಾಗಿಸುವುದು ಬಂದರೆ ಸಾಕು. ಅಂಕಿಗಳಿಗೆ ಯಾವ ನಾಣ್ಯದ ಹೆಸರನ್ನೂ ಹಚ್ಚಿಲ್ಲ. ನಿಮ್ಮದು ಯಾವುದೋ ಅದನ್ನು ಸೇರಿಸಿಕೊಂಡು ಓದಿ.

ಮೊದಲ ಹೆಜ್ಜೆ: ಆಫರ್ ಅನ್ನು ಒಂದು ಸಾಲಿಗೆ ಇಳಿಸಿ

ತಿಂಗಳ ಮಾರಾಟವನ್ನು "ಮ" ಅಂತ ಕರೆಯೋಣ. ಮಾರಾಟದ ಮ. ಎಷ್ಟು ಅಂತ ಗೊತ್ತಿಲ್ಲ, ಪರವಾಗಿಲ್ಲ. ಮೂರೂ ಆಫರ್‌ಗಳು ಈಗ ಮೂರು ಸಾಲಾಗುತ್ತವೆ:

ಮೊದಲನೆಯದು: 24,000
ಎರಡನೆಯದು: 12,000 + 0.05 × ಮ
ಮೂರನೆಯದು: 0.08 × ಮ

ಇಲ್ಲೇ ಒಂದು ಎಡವಟ್ಟು ಆಗುತ್ತದೆ. ಶೇ. 5 ಅಂದರೆ ನೂರಕ್ಕೆ ಐದು, ಅಂದರೆ 0.05. ಆತುರದಲ್ಲಿ 5 × ಮ ಅಂತ ಬರೆದುಬಿಡುತ್ತೇವೆ. ನನ್ನ ಗೆಳತಿಯೂ ಹಾಗೇ ಬರೆದಳು. ಆ ಲೆಕ್ಕದಲ್ಲಿ ತಿಂಗಳಿಗೆ 2,400 ಮಾರಿದರೆ 12,000 ಕಮಿಷನ್ ಬರುತ್ತದೆ. ಮಾರಿದ್ದಕ್ಕಿಂತ ಐದು ಪಟ್ಟು ಕಮಿಷನ್! ಅಂಥ ಧಣಿ ಸಿಕ್ಕರೆ ನನಗೂ ಹೇಳಿ. ಉತ್ತರ ಬಂದ ಮೇಲೆ "ಇದು ನಡೆಯುವ ಮಾತಾ?" ಅಂತ ಒಮ್ಮೆ ಕೇಳಿಕೊಂಡರೆ ಇಂಥ ತಪ್ಪು ತಾನೇ ಸಿಕ್ಕಿಬೀಳುತ್ತದೆ.

ಎಲ್ಲಾ ಅಂಕಿಗಳೂ ಒಂದೇ ಅವಧಿಯವು ಆಗಿರಬೇಕು ಅನ್ನುವುದನ್ನೂ ಮರೆಯಬೇಡಿ. ಒಂದು ಕಂಪನಿ ವರ್ಷದ ಪ್ಯಾಕೇಜ್ ಹೇಳುತ್ತದೆ, ಇನ್ನೊಂದು ತಿಂಗಳದ್ದು, ಮತ್ತೊಂದು ವಾರದ್ದು. ಮೊದಲು ಎಲ್ಲವನ್ನೂ ತಿಂಗಳಿಗೆ ತನ್ನಿ, ಆಮೇಲೆ ಮುಂದಕ್ಕೆ.

ಎರಡನೇ ಹೆಜ್ಜೆ: ಎರಡನ್ನು ಸಮ ಮಾಡಿ

"ಯಾವುದು ಒಳ್ಳೆಯದು" ಅನ್ನುವ ಪ್ರಶ್ನೆಯನ್ನು ಸದ್ಯ ಪಕ್ಕಕ್ಕಿಡೋಣ. ಅದರ ಬದಲು "ಎಷ್ಟು ಮಾರಿದರೆ ಎರಡೂ ಒಂದೇ ಆಗುತ್ತವೆ" ಅಂತ ಕೇಳೋಣ. ಈ ಪ್ರಶ್ನೆಗೆ ಮಾತ್ರ ಖಚಿತವಾದ ಉತ್ತರ ಇದೆ.

12,000 + 0.05 × ಮ = 24,000

ಎಡಗಡೆಯ 12,000 ಅನ್ನು ಬಲಗಡೆಗೆ ತಂದರೆ ಅದು ಕಳೆಯುವ ಸಂಖ್ಯೆ ಆಗುತ್ತದೆ. ಶಾಲೆಯಲ್ಲಿ ಪಕ್ಷಾಂತರ ಅಂತಿದ್ದರಲ್ಲ, ಅದೇ.

0.05 × ಮ = 12,000
ಮ = 12,000 ÷ 0.05 = 2,40,000

0.05ರಿಂದ ಭಾಗಿಸುವುದು ಕಷ್ಟ ಅನ್ನಿಸಿದರೆ 20ರಿಂದ ಗುಣಿಸಿ. ಎರಡೂ ಒಂದೇ. ಈಗ ತಾಳೆ ನೋಡಿ: 2,40,000ರ ಶೇ. 5 ಅಂದರೆ 12,000. ಅದಕ್ಕೆ ಸಂಬಳ 12,000 ಸೇರಿಸಿದರೆ 24,000. ಸರಿಯಾಯಿತು.

ತಿಂಗಳಿಗೆ 2,40,000ಕ್ಕಿಂತ ಕಡಿಮೆ ಮಾರಿದರೆ ಫಿಕ್ಸೆಡ್ ಸಂಬಳವೇ ಜಾಸ್ತಿ. ಅದಕ್ಕಿಂತ ಹೆಚ್ಚು ಮಾರಿದರೆ ಎರಡನೇ ಆಫರ್ ಮೇಲೆ. ಈ ಜಾಗವನ್ನು ನಾನು ಸರಿಸಮ ಬಿಂದು ಅನ್ನುತ್ತೇನೆ. ಮುಂದೆಯೂ ಅದೇ ಮಾತು ಬಳಸುತ್ತೇನೆ.

ಇದು ಹೊಸ ಲೆಕ್ಕವೇನಲ್ಲ. ಭಾಸ್ಕರಾಚಾರ್ಯರ 1150ರ ಬೀಜಗಣಿತದಲ್ಲಿ ಒಂದು ಸಮಸ್ಯೆ ಇದೆ. ಒಬ್ಬನ ಹತ್ತಿರ 300 ನಾಣ್ಯ ಮತ್ತು 6 ಕುದುರೆ. ಇನ್ನೊಬ್ಬನ ಹತ್ತಿರ ಅದೇ ಬೆಲೆಯ 10 ಕುದುರೆ, ಆದರೆ 100 ನಾಣ್ಯ ಸಾಲ. ಇಬ್ಬರ ಆಸ್ತಿಯೂ ಸಮ. ಹಾಗಾದರೆ ಕುದುರೆಯ ಬೆಲೆ ಎಷ್ಟು? ಗೊತ್ತಿಲ್ಲದ ಸಂಖ್ಯೆಗೆ ಆಗ "ಯಾವತ್ತಾವತ್" ಅಂತ ಹೆಸರು, "ಎಷ್ಟೋ ಅಷ್ಟು" ಅಂತ ಅರ್ಥ. ಬರೆಯುವಾಗ ಅದನ್ನು "ಯಾ" ಅಂತ ಚಿಕ್ಕದು ಮಾಡುತ್ತಿದ್ದರು. ಗೊತ್ತಿರುವ ಸಂಖ್ಯೆಗೆ ರೂಪ ಅಂತ ಹೆಸರು, ಅದರ ಗುರುತು "ರೂ". ಹಾಗಾಗಿ ಮೊದಲನೆಯವನ ಆಸ್ತಿ "ಯಾ 6 ರೂ 300". ಅದರ ಕೆಳಗೆ ಎರಡನೆಯವನದು "ಯಾ 10 ರೂ 100", ಸಾಲ ಅಂತ ಗೊತ್ತಾಗಲು 100ರ ಮೇಲೊಂದು ಚುಕ್ಕಿ. ಆ 300 ಇದೆಯಲ್ಲ, ಅದು ನಮ್ಮ ಫಿಕ್ಸೆಡ್ ಸಂಬಳದ ಹಾಗೆ. 6 ಮತ್ತು 10 ಕಮಿಷನ್ ದರದ ಹಾಗೆ. 4 ಕುದುರೆಯ ವ್ಯತ್ಯಾಸ 400 ನಾಣ್ಯದ ವ್ಯತ್ಯಾಸಕ್ಕೆ ಸಮ, ಅಂದರೆ ಕುದುರೆಗೆ 100. ಎಂಟುನೂರಕ್ಕೂ ಹೆಚ್ಚು ವರ್ಷ ಕಳೆದರೂ ಲೆಕ್ಕದ ಹದ ಒಂಚೂರೂ ಬದಲಾಗಿಲ್ಲ.

ಕುದುರೆ ಲೆಕ್ಕದಿಂದಲೇ ಒಂದು ಸುಲಭದ ದಾರಿಯೂ ಸಿಗುತ್ತದೆ. ಎರಡು ಆಫರ್‌ಗಳ ಸಂಬಳದ ವ್ಯತ್ಯಾಸ ತೆಗೆದುಕೊಳ್ಳಿ. ಅದನ್ನು ಕಮಿಷನ್ ದರದ ವ್ಯತ್ಯಾಸದಿಂದ ಭಾಗಿಸಿ. ಬಂದದ್ದೇ ಸರಿಸಮ ಬಿಂದು. ಇಂಟರ್‌ವ್ಯೂನಲ್ಲಿ ಕುಳಿತಾಗ ಮನಸ್ಸಿನಲ್ಲೇ ಮಾಡಿಬಿಡಬಹುದು.

ಒಂದು ಆಫರ್‌ನಲ್ಲಿ ಸಂಬಳವೂ ಜಾಸ್ತಿ, ಕಮಿಷನ್ ದರವೂ ಜಾಸ್ತಿ ಇದ್ದರೆ? ಉದಾಹರಣೆಗೆ 15,000 + ಶೇ. 6, ಎದುರಿಗೆ 12,000 + ಶೇ. 5. ಸಮ ಮಾಡಿದರೆ ಮ = −3,00,000 ಬರುತ್ತದೆ. ಮೈನಸ್ ಮಾರಾಟ ಅಂತ ಒಂದು ಇಲ್ಲವಲ್ಲ. ಮಾರಾಟ ಎಷ್ಟೇ ಇರಲಿ, ಮೊದಲನೆಯದೇ ಮೇಲು ಅಂತ ಇದರ ಅರ್ಥ. ದರ ಎರಡರಲ್ಲೂ ಒಂದೇ ಇದ್ದರೆ ಸೊನ್ನೆಯಿಂದ ಭಾಗಿಸಬೇಕಾಗುತ್ತದೆ, ಲೆಕ್ಕ ನಿಂತುಹೋಗುತ್ತದೆ. ಆಗ ಸಂಬಳ ಯಾವುದರಲ್ಲಿ ಹೆಚ್ಚೋ ಅದೇ ಸರಿ.

ಮೂರು ಆಫರ್ ಇದ್ದಾಗ

ಮೊದಲನೆಯದು ಮತ್ತು ಮೂರನೆಯದನ್ನು ಹೋಲಿಸಿದರೆ 0.08 × ಮ = 24,000, ಅಂದರೆ ಮ = 3,00,000. ಇದನ್ನು ನೋಡಿ ಗೆಳತಿ, "ಹಾಗಾದ್ರೆ ಮೂರು ಲಕ್ಷ ದಾಟ್ತೀನಿ ಅನ್ನೋ ಧೈರ್ಯ ಇದ್ರೆ ಮೂರನೇದು ತಗೋಬೇಕು, ಅಲ್ವಾ?" ಅಂದಳು.

ಅಲ್ಲ. 3,00,000 ಮಾರಿದಾಗ ಎರಡನೆಯದು ಎಷ್ಟು ಕೊಡುತ್ತದೆ ನೋಡಿ: 12,000 + 15,000 = 27,000. ಮೂರನೆಯದು ಮೊದಲನೆಯದನ್ನು ಹಿಡಿಯುವ ಹೊತ್ತಿಗೆ ಎರಡನೆಯದು ಇಬ್ಬರನ್ನೂ ಹಿಂದೆ ಹಾಕಿ ಮುಂದೆ ಹೋಗಿರುತ್ತದೆ. ಮೂರನೆಯದು ಎರಡನೆಯದನ್ನು ಯಾವಾಗ ಹಿಡಿಯುತ್ತದೆ?

0.08 × ಮ = 12,000 + 0.05 × ಮ
0.03 × ಮ = 12,000
ಮ = 4,00,000

ಎರಡೂ ಕಡೆ "ಮ" ಇದ್ದಾಗ ಗಾಬರಿ ಬೇಡ. 0.08ರಲ್ಲಿ 0.05 ಕಳೆದರೆ 0.03, ಅಷ್ಟೇ. ಒಟ್ಟು ಚಿತ್ರ ಹೀಗಾಯಿತು: 2,40,000 ತನಕ ಮೊದಲನೆಯದು, ಅಲ್ಲಿಂದ 4,00,000 ತನಕ ಎರಡನೆಯದು, ಅದರಾಚೆ ಮೂರನೆಯದು. ಅವಳು ಹಿಡಿದುಕೊಂಡಿದ್ದ 3,00,000 ಅನ್ನುವ ಸಂಖ್ಯೆ ತಪ್ಪೇನಲ್ಲ, ಆದರೆ ಪ್ರಯೋಜನಕ್ಕಿಲ್ಲ.

ಕಣ್ಣಿಗೆ ಕಾಣಬೇಕು ಅನ್ನುವವರು ಚೌಕುಳಿ ಹಾಳೆಯಲ್ಲಿ ನಕ್ಷೆ ಎಳೆಯಬಹುದು. ಅಡ್ಡಕ್ಕೆ ಮಾರಾಟ, ಮೇಲಕ್ಕೆ ಆದಾಯ. ಮೊದಲನೆಯದು ಮಲಗಿದ ಗೆರೆ. ಎರಡನೆಯದು 12,000ದಿಂದ ಹೊರಟು ನಿಧಾನವಾಗಿ ಏರುತ್ತದೆ. ಮೂರನೆಯದು ಸೊನ್ನೆಯಿಂದ ಹೊರಟು ಕಡಿದಾಗಿ ಏರುತ್ತದೆ. ಯಾವ ಮಾರಾಟಕ್ಕೆ ಯಾವ ಗೆರೆ ಎಲ್ಲಕ್ಕಿಂತ ಮೇಲಿದೆ ಅಂತ ನೋಡಿದರೆ ಆಯಿತು.

ಮೂರನೇ ಹೆಜ್ಜೆ: ಆ ಸಂಖ್ಯೆಯನ್ನು ದಿನದ ಕೆಲಸಕ್ಕೆ ತನ್ನಿ

2,40,000 ಅನ್ನುವುದು ತಲೆಗೆ ಹತ್ತುವ ಸಂಖ್ಯೆ ಅಲ್ಲ. ಒಂದು ವಸ್ತುವಿನ ಬೆಲೆ 8,000 ಅಂದುಕೊಳ್ಳಿ. ಆಗ ತಿಂಗಳಿಗೆ 30 ಮಾರಬೇಕು. 25 ದಿನ ಕೆಲಸ ಇದ್ದರೆ ದಿನಕ್ಕೆ ಒಂದು ಮಾರಿದರೆ ಸಾಲದು, ಒಂದು ಚಿಲ್ಲರೆ ಬೇಕು. ಐದು ದಿನಕ್ಕೆ ಆರು. 4,00,000 ಆದರೆ ತಿಂಗಳಿಗೆ 50, ಅಂದರೆ ದಿನಕ್ಕೆ ಎರಡು. "ಅಷ್ಟು ಮಾರಬಲ್ಲೆನಾ?" ಅಂತ ಈಗ ಕೇಳಿಕೊಳ್ಳಿ. ಉತ್ತರ ಸುಲಭ ಆಗುತ್ತದೆ.

ಗೊತ್ತಿಲ್ಲದ ಕೆಲಸವಾದರೆ ಇಂಟರ್‌ವ್ಯೂನಲ್ಲೇ ಕೇಳಿ. ಹೇಗೆ ಕೇಳುತ್ತೀರಿ ಅನ್ನುವುದು ಮುಖ್ಯ. "ಎಷ್ಟು ದುಡಿಯಬಹುದು ಸರ್?" ಅಂದರೆ ಅವರ ತಂಡದ ಹುಲಿಯ ಲೆಕ್ಕ ಹೇಳುತ್ತಾರೆ. ಸರಾಸರಿ ಕೇಳಿದರೂ ಸಾಲದು. ಒಂಬತ್ತು ಜನ ತಲಾ 2,00,000 ಮಾರಿ ಹತ್ತನೆಯವನು 12,00,000 ಮಾರಿದರೆ ಸರಾಸರಿ 3,00,000 ಆಗಿಬಿಡುತ್ತದೆ. ಅಷ್ಟು ಮಾರಿದವರು ಆ ತಂಡದಲ್ಲಿ ಒಬ್ಬನನ್ನು ಬಿಟ್ಟರೆ ಯಾರೂ ಇಲ್ಲ! ಅದಕ್ಕೇ "ತಂಡವನ್ನು ಸಾಲಾಗಿ ನಿಲ್ಲಿಸಿದರೆ ಮಧ್ಯದಲ್ಲಿರುವವರು ತಿಂಗಳಿಗೆ ಎಷ್ಟು ಮಾರುತ್ತಾರೆ?" ಅಂತ ಕೇಳಿ. "ಸೇರಿದ ಮೊದಲ ಮೂರು ತಿಂಗಳು ಹೊಸಬರು ಎಷ್ಟು ಮಾರುತ್ತಾರೆ?" ಅಂತಲೂ ಕೇಳಿ. ಉತ್ತರ ಕೊಡದೆ ಮಾತು ತೇಲಿಸಿದರೆ ಅದನ್ನೂ ಒಂದು ಉತ್ತರ ಅಂತಲೇ ಬರೆದುಕೊಳ್ಳಿ.

ನಾಲ್ಕನೇ ಹೆಜ್ಜೆ: ಕೈಗೆ ಬರುವುದನ್ನು ಲೆಕ್ಕಕ್ಕೆ ತನ್ನಿ

ಲೆಟರ್‌ನಲ್ಲಿ ಬರೆದದ್ದು ಒಂದು, ಜೇಬಿಗೆ ಬರುವುದು ಇನ್ನೊಂದು. ಎರಡನೇ ಆಫರ್‌ನಲ್ಲಿ ಓಡಾಟ, ಫೋನು ಎಲ್ಲಾ ನಿಮ್ಮದೇ ಖರ್ಚು ಅಂದುಕೊಳ್ಳಿ. ತಿಂಗಳಿಗೆ 2,500.

12,000 − 2,500 + 0.05 × ಮ = 24,000
0.05 × ಮ = 14,500
ಮ = 2,90,000

2,500 ಖರ್ಚು ಸರಿಸಮ ಬಿಂದುವನ್ನು 50,000 ಮುಂದಕ್ಕೆ ತಳ್ಳಿತು. ಕಾರಣ ಸುಲಭ. ಕೈಯಿಂದ ಹೋದ ಪ್ರತಿ 1 ಅನ್ನು ಶೇ. 5 ಕಮಿಷನ್‌ನಲ್ಲಿ ಗಿಟ್ಟಿಸಲು 20 ಮಾರಬೇಕು.

ಇನ್ನು ವಾಪಸ್ ಬರುವ ಮಾಲು, ರದ್ದಾಗುವ ಆರ್ಡರ್. ಅದಕ್ಕೆ ಕಮಿಷನ್ ಇಲ್ಲ ಅಂತ ಸಾಮಾನ್ಯವಾಗಿ ಷರತ್ತು ಇರುತ್ತದೆ. ಹತ್ತರಲ್ಲಿ ಒಂದು ಹಾಗೆ ಹೋದರೆ ನಿಮಗೆ ಲೆಕ್ಕಕ್ಕೆ ಸಿಗುವುದು 0.9 × ಮ. ಅದರ ಶೇ. 5 ಅಂದರೆ 0.045 × ಮ. ಶೇ. 5 ಅಂತ ಹೇಳಿದ ದರ ನಿಜದಲ್ಲಿ ಶೇ. 4.5. ಖರ್ಚನ್ನೂ ಸೇರಿಸಿದರೆ 14,500 ÷ 0.045, ಸುಮಾರು 3,22,000. ನಾವು ಹೊರಟಿದ್ದು 2,40,000ದಿಂದ!

ಕಮಿಷನ್ ಯಾವಾಗ ಕೈಗೆ ಬರುತ್ತದೆ ಅನ್ನುವುದು ಬೀಜಗಣಿತದಲ್ಲಿ ಕಾಣುವುದಿಲ್ಲ. ಇದನ್ನು ನಾನು ಪೆಟ್ಟು ತಿಂದು ಕಲಿತೆ. ಬಹಳ ಹಿಂದೆ ಒಂದು ಕಡೆ ಕಮಿಷನ್ ಕೆಲಸಕ್ಕೆ ಸೇರಿದ್ದೆ. ಮೊದಲ ತಿಂಗಳೇ ಚೆನ್ನಾಗಿ ಮಾರಿದೆ. ತಿಂಗಳ ಕೊನೆಗೆ ಕೈಗೆ ಬಂದದ್ದು ಬರೀ ಬೇಸಿಕ್. ಕೇಳಿದರೆ, "ಗಿರಾಕಿ ದುಡ್ಡು ಕಟ್ಟಿದ ಮೇಲೆ ತಾನೇ ಕಮಿಷನ್?" ಅಂದರು. ಗಿರಾಕಿಗಳಿಗೆ ಅರವತ್ತು ದಿನದ ಸಾಲ ಕೊಟ್ಟಿದ್ದೇ ನಾನು, ಮಾರುವ ಉಮೇದಿನಲ್ಲಿ. ಆ ಎರಡು ತಿಂಗಳ ಬಾಡಿಗೆಗೆ ಅಣ್ಣನ ಹತ್ತಿರ ಕೈ ಚಾಚಬೇಕಾಯಿತು. ಷರತ್ತು ಲೆಟರ್‌ನಲ್ಲಿ ಇತ್ತು. ಓದಿರಲಿಲ್ಲ. ಆರ್ಡರ್ ಬಂದಾಗಲೋ, ಬಿಲ್ ಆದಾಗಲೋ, ದುಡ್ಡು ಬಂದಾಗಲೋ, ಯಾವಾಗ ಕಮಿಷನ್ ಅಂತ ಒಂದು ಮಾತು ಕೇಳಿಬಿಡಿ.

ಟಾರ್ಗೆಟ್ ಇದ್ದರೆ ಗೆರೆ ಮುರಿಯುತ್ತದೆ

ಈಗ ಸ್ವಲ್ಪ ತೊಡಕಿನ ಆಫರ್. 18,000 ಸಂಬಳ. 2,00,000 ಟಾರ್ಗೆಟ್. ಅದನ್ನು ದಾಟಿದ ಮೇಲಿನ ಮಾರಾಟಕ್ಕೆ ಶೇ. 10 ಕಮಿಷನ್. ಇದನ್ನು ಒಂದೇ ಸಾಲಲ್ಲಿ ಬರೆಯಲು ಆಗುವುದಿಲ್ಲ, ಎರಡು ಬೇಕು:

2,00,000 ತನಕ: 18,000
ಅದರ ಮೇಲೆ: 18,000 + 0.10 × (ಮ − 2,00,000)

ಎರಡನೇ ಸಾಲಿನ ಆವರಣ ಬಿಡಿಸಿದರೆ 18,000 + 0.10 × ಮ − 20,000, ಅಂದರೆ 0.10 × ಮ − 2,000. ಮೈನಸ್ 2,000 ನೋಡಿ ಹೆದರಬೇಡಿ. ಈ ಸಾಲು 2,00,000 ದಾಟಿದ ಮೇಲೆ ಮಾತ್ರ ಲೆಕ್ಕಕ್ಕೆ ಬರುತ್ತದೆ.

24,000 ಫಿಕ್ಸೆಡ್ ಜೊತೆ ಹೋಲಿಸಿ: 0.10 × ಮ − 2,000 = 24,000, ಮ = 2,60,000. ಟಾರ್ಗೆಟ್ ದಾಟಿದ ಸಂಖ್ಯೆ, ಹಾಗಾಗಿ ಒಪ್ಪಬಹುದು. ಅದೇ ಆಫರ್ ಅನ್ನು 15,000 ಫಿಕ್ಸೆಡ್ ಜೊತೆ ಹೋಲಿಸಿದರೆ ಮ = 1,70,000 ಬರುತ್ತದೆ. ಇದು ಟಾರ್ಗೆಟ್‌ಗಿಂತ ಕೆಳಗಿದೆ. ಅಲ್ಲಿ ಆ ಸಾಲೇ ನಡೆಯುವುದಿಲ್ಲ, ಉತ್ತರ ಕಸದ ಬುಟ್ಟಿಗೆ. ಸುಮ್ನೆ ಕಣ್ಣಲ್ಲೇ ನೋಡಿದರೂ ತಿಳಿಯುತ್ತದೆ, ಏನೂ ಮಾರದಿದ್ದರೂ 18,000 ಬರುವಾಗ 15,000 ಯಾಕೆ? ಸಮೀಕರಣಕ್ಕೆ ಅಷ್ಟು ಬುದ್ಧಿ ಇಲ್ಲ. ಕೇಳಿದ್ದಕ್ಕೆ ಉತ್ತರ ಕೊಡುತ್ತದೆ.

ಇದನ್ನು ನಮ್ಮ ಎರಡನೇ ಆಫರ್ ಜೊತೆ ಇಟ್ಟರೆ ಇನ್ನೊಂದು ವಿಚಿತ್ರ ಕಾಣುತ್ತದೆ. ಮುರಿದ ಗೆರೆಯನ್ನು ನೇರ ಗೆರೆ ಎರಡು ಸಲ ದಾಟಬಹುದು. ಟಾರ್ಗೆಟ್‌ನ ಕೆಳಗೆ 12,000 + 0.05 × ಮ = 18,000 ಅಂದರೆ ಮ = 1,20,000. ಟಾರ್ಗೆಟ್‌ನ ಮೇಲೆ 12,000 + 0.05 × ಮ = 0.10 × ಮ − 2,000 ಅಂದರೆ ಮ = 2,80,000. ತೀರಾ ಕಡಿಮೆ ಮಾರುವವರಿಗೂ ಟಾರ್ಗೆಟ್ ಆಫರ್ ಒಳ್ಳೆಯದು, ತುಂಬಾ ಜಾಸ್ತಿ ಮಾರುವವರಿಗೂ ಅದೇ ಒಳ್ಳೆಯದು. ಮಧ್ಯದಲ್ಲಿ ಬೀಳುವವರಿಗೆ ಎರಡನೆಯದು. ಒಂದು ಉತ್ತರ ಸಿಕ್ಕಿತು ಅಂತ ಪೆನ್ಸಿಲ್ ಕೆಳಗಿಟ್ಟಿದ್ದರೆ ಇದು ತಪ್ಪಿಹೋಗುತ್ತಿತ್ತು.

ಟಾರ್ಗೆಟ್ ಷರತ್ತಿನಲ್ಲಿ ಒಂದೇ ಒಂದು ಪದ ಬಹಳ ದುಬಾರಿ. "ಟಾರ್ಗೆಟ್ ದಾಟಿದ ಮೊತ್ತಕ್ಕೆ ಶೇ. 10" ಅನ್ನುವುದಕ್ಕೂ "ಟಾರ್ಗೆಟ್ ದಾಟಿದರೆ ಇಡೀ ಮೊತ್ತಕ್ಕೆ ಶೇ. 10" ಅನ್ನುವುದಕ್ಕೂ ಅಜಗಜಾಂತರ. 2,50,000 ಮಾರಿದ ತಿಂಗಳಲ್ಲಿ ಮೊದಲನೆಯದು 5,000 ಕೊಡುತ್ತದೆ, ಎರಡನೆಯದು 25,000. ಎರಡನೇ ಬಗೆಯಲ್ಲಿ 1,99,000ಕ್ಕೆ ನಿಂತವರಿಗೆ ಏನೂ ಇಲ್ಲ, ಇನ್ನೊಂದು ಚೂರು ಮಾರಿ ದಾಟಿದವರಿಗೆ 20,000. ತಿಂಗಳ ಕೊನೆಯ ವಾರ ಅಂಥ ಕಡೆ ಜನ ಗಿರಾಕಿಗಳ ಬೆನ್ನು ಬೀಳುವುದು ಸುಮ್ಮನೆ ಅಲ್ಲ.

ಏರುಪೇರಿನ ತಿಂಗಳುಗಳು

ಒಂದು ತಿಂಗಳು 1,00,000, ಮುಂದಿನ ತಿಂಗಳು 3,80,000 ಮಾರಿದಿರಿ ಅಂತಿಟ್ಟುಕೊಳ್ಳಿ. ಸರಾಸರಿ 2,40,000.

ಎರಡನೇ ಆಫರ್‌ನಲ್ಲಿ 17,000, ಆಮೇಲೆ 31,000. ಸರಾಸರಿ 24,000. ಪ್ರತಿ ತಿಂಗಳೂ ಸಮನಾಗಿ 2,40,000 ಮಾರಿದ್ದರೂ ಇದೇ 24,000. ನೇರ ಗೆರೆಗೆ ಇರುವ ಗುಣ ಅದು, ಏರುಪೇರು ಮಾಡಿದರೂ ಒಟ್ಟು ಕೆಡುವುದಿಲ್ಲ.

ಟಾರ್ಗೆಟ್ ಆಫರ್‌ನಲ್ಲಿ ಹಾಗಲ್ಲ. ಸಮನಾಗಿ ಮಾರಿದರೆ ತಿಂಗಳಿಗೆ 22,000. ಏರುಪೇರಾದರೆ 18,000 ಮತ್ತು 36,000, ಸರಾಸರಿ 27,000. ಅಷ್ಟೇ ಮಾಲು, ಅಷ್ಟೇ ಗಿರಾಕಿ, ಆದರೆ ತಿಂಗಳಿಗೆ 5,000 ಜಾಸ್ತಿ! ಕೆಟ್ಟ ತಿಂಗಳಲ್ಲಿ ಸಂಬಳ ನೆಲದ ಹಾಗೆ ಕಾಯುತ್ತದೆ, ಒಳ್ಳೆಯ ತಿಂಗಳಲ್ಲಿ ಕಮಿಷನ್ ಏರುತ್ತದೆ. ಹಬ್ಬಕ್ಕೋ ಸೀಸನ್‌ಗೋ ಒಮ್ಮೆಲೇ ಮಾರಾಟ ಏರುವಂಥ ಮಾಲಾದರೆ ಇದನ್ನು ನೋಡಲೇಬೇಕು.

ಕಮಿಷನ್‌ಗೆ ಮೇಲ್ಮಿತಿ ಇದ್ದರೆ ಕತೆ ಉಲ್ಟಾ. ಎರಡನೇ ಆಫರ್‌ನಲ್ಲಿ "ಕಮಿಷನ್ 15,000 ಮೀರುವಂತಿಲ್ಲ" ಅಂತ ಒಂದು ಸಾಲು ಸೇರಿಸಿ ನೋಡಿ. ಒಳ್ಳೆಯ ತಿಂಗಳಿನ 19,000 ಕಮಿಷನ್ 15,000ಕ್ಕೆ ಕುಸಿಯುತ್ತದೆ. ಎರಡು ತಿಂಗಳ ಸರಾಸರಿ 22,000ಕ್ಕೆ ಇಳಿಯುತ್ತದೆ. ಅಂದರೆ ಸರಾಸರಿ ಮಾರಾಟ ಸರಿಸಮ ಬಿಂದುವಿನಲ್ಲೇ ಇದ್ದರೂ ನೀವು 24,000 ಫಿಕ್ಸೆಡ್‌ಗಿಂತ ಕೆಳಗೆ.

ಬರೀ ಕಮಿಷನ್ ಕೆಲಸಗಳಲ್ಲಿ "ತಿಂಗಳಿಗೆ 15,000 ಅಡ್ವಾನ್ಸ್ ಕೊಡ್ತೀವಿ" ಅನ್ನುವುದೂ ಉಂಟು. ಅದನ್ನು ಸಂಬಳ ಅಂತ ತಿಳಿಯಬೇಡಿ. ಶೇ. 8 ದರದಲ್ಲಿ 1,50,000 ಮಾರಿದರೆ ಕಮಿಷನ್ 12,000. ನಿಮಗೆ ಸಿಕ್ಕಿದ್ದು 15,000. 3,000 ನಿಮ್ಮ ಹೆಸರಿನಲ್ಲಿ ಸಾಲ. ಮುಂದಿನ ತಿಂಗಳು 2,50,000 ಮಾರಿ 20,000 ದುಡಿದರೆ ಆ 3,000 ಹಿಡಿದುಕೊಂಡು 17,000 ಕೊಡುತ್ತಾರೆ. ಎರಡು ತಿಂಗಳು ಕೂಡಿಸಿದರೆ 32,000, ಅದು 4,00,000ರ ಶೇ. 8 ತಾನೇ. ಸಮೀಕರಣದಲ್ಲಿ ಅಡ್ವಾನ್ಸ್‌ಗೆ ಜಾಗವೇ ಇಲ್ಲ. ವಾಪಸ್ ಹಿಡಿಯದ ಅಡ್ವಾನ್ಸ್ ಆದರೆ ಮಾತು ಬೇರೆ. ಅದು 15,000 ಅಥವಾ ಕಮಿಷನ್, ಯಾವುದು ಜಾಸ್ತಿಯೋ ಅದು.

ಎರಡನೇ ಸಂಖ್ಯೆ: ಮನೆ ನಡೆಯುವಷ್ಟು

ನನಗೆ ಕೇಳಿದರೆ ಸರಿಸಮ ಬಿಂದುವಿಗಿಂತ ಮೊದಲು ನೋಡಬೇಕಾದದ್ದು ಇದು. ತಿಂಗಳಿಗೆ ಇಷ್ಟು ಬಾರದಿದ್ದರೆ ಆಗುವುದೇ ಇಲ್ಲ ಅನ್ನುವ ಒಂದು ಮೊತ್ತ ಎಲ್ಲರಿಗೂ ಇರುತ್ತದೆ. ಅದು 20,000 ಅಂದುಕೊಳ್ಳಿ. ಈಗ ಸಮ ಚಿಹ್ನೆಯ ಬದಲು "ಕನಿಷ್ಠ ಇಷ್ಟು" ಅಂತ ಬರೆಯಬೇಕು:

12,000 + 0.05 × ಮ ≥ 20,000
0.05 × ಮ ≥ 8,000
ಮ ≥ 1,60,000

ಮೂರನೇ ಆಫರ್‌ನಲ್ಲಿ 0.08 × ಮ ≥ 20,000, ಅಂದರೆ ಕನಿಷ್ಠ 2,50,000. ಕೆಟ್ಟ ತಿಂಗಳಲ್ಲೂ ಅಷ್ಟು ಮಾರಬಲ್ಲೆ ಅನ್ನುವ ನಂಬಿಕೆ ಇಲ್ಲದಿದ್ದರೆ 4,00,000ದಾಚೆಯ ಬಂಗಾರದ ದಿನಗಳ ಲೆಕ್ಕ ಕಟ್ಟಿಕೊಂಡು ಏನು ಮಾಡುವುದು? ಕೈಯಲ್ಲಿ ಮೂರ್ನಾಲ್ಕು ತಿಂಗಳ ಖರ್ಚಿಗೆ ಉಳಿತಾಯ ಇದ್ದವರು ಇದನ್ನು ಸ್ವಲ್ಪ ಸಡಿಲ ಮಾಡಿಕೊಳ್ಳಬಹುದು. ಇಲ್ಲದವರು ಬೇಡ.

ಗಂಟೆಯ ಲೆಕ್ಕವನ್ನೂ ಬೇಗ ಒಮ್ಮೆ ಹಾಕಿಬಿಡಿ. ಫಿಕ್ಸೆಡ್ ಕೆಲಸದಲ್ಲಿ 200 ಗಂಟೆಗೆ 24,000 ಅಂದರೆ ಗಂಟೆಗೆ 120. ಕಮಿಷನ್ ಕೆಲಸದಲ್ಲಿ 27,000 ಬಂದರೂ ಅದಕ್ಕೆ 240 ಗಂಟೆ ಹಿಡಿದರೆ ಗಂಟೆಗೆ 112.5.

ಚೌಕಾಸಿ ಮಾಡುವಾಗ

ಇದೇ ಲೆಕ್ಕ ಮಾತುಕತೆಗೂ ಬರುತ್ತದೆ. "ಸಂಬಳ 3,000 ಜಾಸ್ತಿ ಮಾಡ್ಲಾ, ಇಲ್ಲಾ ಕಮಿಷನ್ ಶೇ. 1 ಏರಿಸ್ಲಾ?" ಅಂತ ಕೇಳಿದರೆ 0.01 × ಮ = 3,000 ಅಂತ ಬರೆಯಿರಿ. ಮ = 3,00,000. ಅದಕ್ಕಿಂತ ಹೆಚ್ಚು ಮಾರುವವರು ಶೇಕಡಾ ಕೇಳಲಿ, ಕಡಿಮೆ ಮಾರುವವರು ಸಂಬಳ ಕೇಳಲಿ. ಹೊಸಬರಾಗಿದ್ದರೆ ಮೊದಲು ಸಂಬಳ, ವರ್ಷ ಕಳೆದ ಮೇಲೆ ಶೇಕಡಾ ಅನ್ನುವುದು ನನ್ನ ಅಭಿಪ್ರಾಯ. ಕಲಿಯುವ ಕಾಲದಲ್ಲಿ ಮಾರಾಟ ಕಡಿಮೆಯೇ ಇರುತ್ತದೆ.

ಗೆಳತಿ ಎರಡನೇ ಆಫರ್ ಕೊಟ್ಟವರಿಗೆ ಫೋನ್ ಮಾಡಿದಳು. ಮಧ್ಯದಲ್ಲಿರುವವರು ಎಷ್ಟು ಮಾರುತ್ತಾರೆ ಅಂತ ಕೇಳಿದಳು. ಮೊದಲು ಹುಲಿಯ ಲೆಕ್ಕವನ್ನೇ ಹೇಳಿದರು. ಮತ್ತೆ ಕೇಳಿದಾಗ, "ಎರಡೂಮುಕ್ಕಾಲು ಲಕ್ಷ ಇರಬಹುದು, ಹೊಸಬರು ಒಂದೂವರೆ" ಅಂದರು. ಫೋನ್ ಕಿವಿಗಿಟ್ಟುಕೊಂಡೇ ಅವಳು ಗೀಚತೊಡಗಿದಳು. ಒಂದೂವರೆ ಲಕ್ಷಕ್ಕೆ 12,000 + 7,500 = 19,500. ಅವಳಿಗೆ ಬೇಕಿದ್ದ 20,000ಕ್ಕೆ 500 ಕಡಿಮೆ. "ಮೊದಲ ಮೂರು ತಿಂಗಳು ಸಂಬಳ 18,000 ಮಾಡಿ, ಆಮೇಲೆ ನೀವು ಹೇಳಿದ ಹಾಗೇ ಇರಲಿ" ಅಂದಳು. ಆ ಮೂರು ತಿಂಗಳಿಗೆ ಸರಿಸಮ ಬಿಂದು 6,000 ÷ 0.05, ಅಂದರೆ 1,20,000. ಹೊಸಬರು ಮಾರುವುದಕ್ಕಿಂತ ಕೆಳಗೇ ಇದೆ. ಯೋಚಿಸಿ ಹೇಳುತ್ತೇವೆ ಅಂದವರು ಸಂಜೆ ಫೋನ್ ಮಾಡಿ 16,000ಕ್ಕೆ ಒಪ್ಪಿದರು. ಅವಳು ಲೆಟರ್ ತಿರುಗಿಸಿ ಮತ್ತೆ ಪೆನ್ಸಿಲ್ ಎತ್ತಿಕೊಂಡಳು: 8,000 ÷ 0.05.

"ಒಂದು ಲಕ್ಷದ ಅರವತ್ತು ಸಾವಿರ" ಅಂದಳು. "ಹೊಸಬರಿಗಿಂತ ಹತ್ತು ಸಾವಿರ ಜಾಸ್ತಿ ಮಾರಬೇಕು. ಒಂದೋ ಎರಡೋ ಮಾಲು. ಆಗತ್ತೆ ಬಿಡು."